ಬೆಂಕಿಬಾಲದ ಬಿಲ, ಬಚ್ಚಲ ಹಂಡೆ

ನಿವೃತ್ತಿ ಎಂದರೆ ತಲೆ ಬೆಳ್ಳಗಾಗಿರಬೇಕು, ಹೆಗಲಿಗೆ ಶಾಲು ಬಿದ್ದಿರಬೇಕು ಎಂದು ಯಾರು ಹೇಳಿದರು? ದೇಹ ಕೆಲಸಕ್ಕೆ ಒಲ್ಲೆ ಎಂದ ದಿನ ಕೆಲಸ ಮುಗಿಯುತ್ತದೆ. ನನ್ನದು ಮೂವತ್ತಮೂರನೇ ವಯಸ್ಸಿಗೆ ಮುಗಿಯಿತು. ಮೊದಲು ಪದದ ಅರ್ಥ ಬಿಗಿಮಾಡು, ಆಮೇಲೆ ವಾದಕ್ಕಿಳಿ ಎಂದು ಕಾಲೇಜಿನ ಚರ್ಚಾಸ್ಪರ್ಧೆಗಳಲ್ಲಿ ಕಲಿಸಿದ್ದರು. ಆ ಚಟ ಇನ್ನೂ ಹೋಗಿಲ್ಲ, ಕ್ಷಮಿಸಿ.

ಹುಬ್ಬಳ್ಳಿ ಧಾರವಾಡದ ಹೋಟೆಲು, ದವಾಖಾನೆ, ದೊಡ್ಡ ಮನೆಗಳಲ್ಲಿ ಸಮುದ್ರದ ಮೀನು ಸಾಕುವ ಗಾಜಿನ ಟ್ಯಾಂಕುಗಳಿವೆ. ಅವುಗಳನ್ನು ನೋಡಿಕೊಳ್ಳುವುದು ನನ್ನ ಕೆಲಸವಾಗಿತ್ತು. ಈಗ ಈ ಕೆಲಸಕ್ಕೆ ಹುಡುಗ ಹುಡುಗಿಯರು ಬರುತ್ತಿದ್ದಾರೆ. ಫೋನಿನಲ್ಲಿ ನೀಲಿ ಬೆಳಕಿನ ವಿಡಿಯೋ ನೋಡಿ ಬಂದವರು ಬಹಳ. ಅವರಿಗೆ ಉಪ್ಪಿನ ಪ್ರಮಾಣ, ದೀಪದ ವ್ಯಾಟು, ಪಂಪಿನ ಕಂಪನಿ ಎಲ್ಲವನ್ನೂ ಯಾರಾದರೂ ಹೇಳಿಕೊಡುತ್ತಾರೆ. ಈ ಕೆಲಸ ಹೆದರಿಕೆಯ ಕೆಲಸ ಎಂಬುದನ್ನು ಮಾತ್ರ ಯಾರೂ ಹೇಳುವುದಿಲ್ಲ. ಅದಕ್ಕಾಗಿ ಇದನ್ನು ಬರೆಯುತ್ತಿದ್ದೇನೆ.

ಮೊದಲು ಮೀನಿನ ವಿಷಯ. ಬೆರಳುದ್ದದ ಮೀನು. ಮುಂಭಾಗ ಹಾಲುಬಿಳಿ, ಮುಖದ ಮೇಲೆ ತುಸು ಹಳದಿ. ನಡುವಿನಿಂದ ಕೇಸರಿ ಏರುತ್ತಾ ಏರುತ್ತಾ ಬಾಲಕ್ಕೆ ಬರುವಷ್ಟರಲ್ಲಿ ಕೆಂಡ. ಬೆನ್ನ ಮೇಲೆ ಉದ್ದನೆಯ ಕಡ್ಡಿಯಂಥ ರೆಕ್ಕೆ, ಅದನ್ನು ಸದಾ ಪಟಪಟನೆ ಎತ್ತಿ ಇಳಿಸುತ್ತಿರುತ್ತದೆ. ವ್ಯಾಪಾರದಲ್ಲಿ ಫೈರ್‌ಫಿಶ್ ಎನ್ನುತ್ತಾರೆ, ನಮ್ಮ ಅಂಗಡಿಯಲ್ಲಿ ಬೆಂಕಿಬಾಲ. ಸಮುದ್ರದಲ್ಲಿ ಇದರ ಠಿಕಾಣಿ ಹವಳದ ದಿಬ್ಬದ ಹೊರಮೈ ಇಳಿಜಾರು. ಮುರಿದ ಹವಳದ ಚೂರು, ಮರಳು ಬಿದ್ದಿರುವ ಕಡೆ, ನೀರಿನ ಹರಿವಿಗೆ ಮುಖ ಮಾಡಿ, ತಳದಿಂದ ಒಂದೆರಡು ಗೇಣು ಮೇಲೆ ನಿಂತಲ್ಲೇ ನಿಂತಿರುತ್ತದೆ. ಹರಿವು ಹೊತ್ತು ತರುವ ಸಣ್ಣ ಸಣ್ಣ ಜೀವಿಗಳನ್ನು ಕುಕ್ಕಿ ತಿನ್ನುತ್ತದೆ. ಕೆಳಗೊಂದು ಬಿಲ. ಗಂಡು ಹೆಣ್ಣು ಜೋಡಿಗೆ ಒಂದೇ ಬಿಲ. ಮೇಲೆ ನೆರಳು ಸುಳಿದರೆ ಸಾಕು, ಕಣ್ಣು ಮಿಟುಕಿಸುವುದರೊಳಗೆ ಎರಡೂ ಒಳಗೆ.

ಜನ ಇದನ್ನು ಪುಕ್ಕಲು ಮೀನು ಎನ್ನುತ್ತಾರೆ. ನಾನು ಒಪ್ಪುವುದಿಲ್ಲ. ತನ್ನನ್ನು ನುಂಗಬಲ್ಲವರ ಬಾಯೆದುರು ದಿನವಿಡೀ ಬಯಲಲ್ಲಿ ನಿಂತು ಊಟ ಮಾಡುವ ಪ್ರಾಣಿ ಪುಕ್ಕಲು ಹೇಗಾದೀತು? ಅದಕ್ಕೆ ಬಿಲ ಎಲ್ಲಿದೆ ಎಂಬುದು ಗೊತ್ತಿದೆ, ಆದ್ದರಿಂದ ಹೊರಗೆ ನಿಲ್ಲುತ್ತದೆ. ಬಿಲ ಇಲ್ಲದ ಬೆಂಕಿಬಾಲ ಹೇಗಿರುತ್ತದೆ ಎಂಬುದನ್ನು ನಾನು ನೋಡಿದ್ದೇನೆ. ಗಾಜಿಗೆ ಮೂತಿ ಹೊಡೆದುಕೊಳ್ಳುತ್ತದೆ. ಮೂಲೆಯಲ್ಲಿ ನಿಂತು ಬಣ್ಣ ಕಳೆದುಕೊಳ್ಳುತ್ತದೆ. ಒಂದು ದಿನ ನೀರು ಬಿಟ್ಟೇ ಹಾರುತ್ತದೆ.

ಕೆಲಸ ಕಲಿತದ್ದು ಹಳೇ ಹುಬ್ಬಳ್ಳಿಯ ಗಫೂರ್ ಚಾಚಾ ಅವರ ಅಂಗಡಿಯಲ್ಲಿ. ಅವರ ತಂದೆ ನೀರೆತ್ತುವ ಮೋಟಾರು ರಿಪೇರಿ ಮಾಡುತ್ತಿದ್ದರು. ಮಗ ಆ ಮೋಟಾರಿನಿಂದ ಪಂಪಿಗೆ, ಪಂಪಿನಿಂದ ಮೀನಿಗೆ ಬಂದವರು. ನಾನು ಕಾನೂನು ಓದುವುದನ್ನು ಅರ್ಧಕ್ಕೆ ಬಿಟ್ಟು ಕೆಲಸ ಕೇಳಲು ಹೋದ ದಿನ ಅವರು ಟ್ಯಾಂಕಿನೊಳಗೆ ತೋಳುದ್ದ ಕೈ ಇಳಿಸಿಕೊಂಡು ನಿಂತಿದ್ದರು. ತಿರುಗಿ ನೋಡಲಿಲ್ಲ.

“ಊರು ಯಾವುದು ಬೇಟಿ?”

“ಉಪ್ಪಿನಬೆಟಗೇರಿರಿ.”

“ಊರಿನ ಹೆಸರಿನ್ಯಾಗ ಉಪ್ಪು ಐತಿ. ಸಾಕು. ನಾಳೆ ಬಾ.”

“ಚಾಚಾ, ಊರಿನ ಹೆಸರಿಗೂ ಈ ಕೆಲಸಕ್ಕೂ ಏನ್ ಸಂಬಂಧರಿ? ಇದೂ ಒಂದು ಕಾರಣ ಆತೇನು?”

ಆಗ ತಿರುಗಿದರು. “ವಕೀಲಕಿ ಓದೀಯಂತ. ಅದನ್ನ ಬಿಟ್ಟು ಇಲ್ಲಿಗ್ಯಾಕ ಬಂದಿ?”

“ಮೀನು ಎದುರು ಮಾತಾಡೂದಿಲ್ಲಲ್ಲರಿ.”

“ಮೀನು ಮಾತಾಡೂದಿಲ್ಲ, ಸಾಯ್ತಾವು. ಅದಕ್ಕ ಏನ್ ಉತ್ತರ ಕೊಡ್ತಿ ನೋಡೋಣು ನಡಿ.”

ಅಂದಿನಿಂದ ನಾನು ‘ವಕೀಲ್ ಸಾಹೇಬಾ’.

ಚಾಚಾ ಈ ವ್ಯಾಪಾರ ಶುರು ಮಾಡಿದಾಗ ನೀರು ಕಾರವಾರದಿಂದ ಬರುತ್ತಿತ್ತಂತೆ. ಘಟ್ಟ ಹತ್ತಿ ಬರುವ ಲಾರಿಯಲ್ಲಿ ಪ್ಲಾಸ್ಟಿಕ್ ಡ್ರಮ್ಮು ತುಂಬಿ ತರಿಸುತ್ತಿದ್ದರು. ಇಳಿಸಿ ಮುಚ್ಚಳ ತೆಗೆದರೆ ಒಮ್ಮೊಮ್ಮೆ ಊರಬಾಗಿಲ ಅಗಸಿಯ ತನಕ ವಾಸನೆ. ಆಮೇಲೆ ಚೀಲದ ಉಪ್ಪು ಬಂತು. ನಮ್ಮ ಬೋರಿನ ಗಡಸು ನೀರನ್ನು ಫಿಲ್ಟರಿಗೆ ಹಾಯಿಸಿ, ಆ ಉಪ್ಪು ಕರಗಿಸಿ, ಸಮುದ್ರವನ್ನು ಅಂಗಡಿಯಲ್ಲೇ ಕಲಸುವುದು. ನಾನು ಸೇರಿದ ಮೇಲೆ ಪರೀಕ್ಷೆಯ ಕಿಟ್ಟು, ಬ್ಯಾಟರಿ ಪಂಪು, ಕೊನೆಗೆ ಟ್ಯಾಂಕಿನಲ್ಲೇ ಕೂತು ಫೋನಿಗೆ ಸುದ್ದಿ ಕಳಿಸುವ ಯಂತ್ರ ಬಂದವು. ಸುಧಾರಣೆ ಹೌದೋ ಅಲ್ಲವೋ? ಮೀನಿಗೆ ಹೌದು. ನನಗೆ ಸಂಶಯವಿದೆ. ಮೊದಲು ಗಿರಾಕಿ ಫೋನ್ ಮಾಡಿದರೆ ಮಾತ್ರ ಎದೆ ಧಸಕ್ಕೆನ್ನುತ್ತಿತ್ತು. ಆಮೇಲೆ ಟ್ಯಾಂಕುಗಳೇ ಫೋನ್ ಮಾಡತೊಡಗಿದವು. ಊಟಕ್ಕೆ ಕೂತಾಗ, ಬಸ್ಸಿನಲ್ಲಿ, ಅಕ್ಕನ ಸೀಮಂತದಲ್ಲಿ. ಕರೆಂಟು ಹೋದರೆ ಪಂಪು ನಿಲ್ಲುತ್ತದೆ, ಪಂಪು ನಿಂತರೆ ನೀರಿನಲ್ಲಿ ಗಾಳಿ ಕಡಿಮೆಯಾಗುತ್ತದೆ. ನಮ್ಮ ಕಡೆ ಕರೆಂಟು ಹೇಳಿ ಕೇಳಿ ಹೋಗುವುದಿಲ್ಲ. ಇವತ್ತಿಗೂ ಫ್ಯಾನು ನಿಂತರೆ ನನ್ನ ಕೈ ತಾನಾಗಿ ಫೋನಿಗೆ ಹೋಗುತ್ತದೆ.

ಬೆಂಕಿಬಾಲದ ವಿಷಯದಲ್ಲಿ ಚಾಚಾ ಅವರದು ಒಂದೇ ಕಾಯಿದೆ. ಟ್ಯಾಂಕಿನ ಮೇಲೆ ಸಣ್ಣ ಕಣ್ಣಿನ ಜಾಳಿಗೆ ಇರಲೇಬೇಕು. ಹುಬ್ಬಳ್ಳಿಯ ಒಬ್ಬ ಗುತ್ತಿಗೆದಾರರು ಮಗನ ಹುಟ್ಟುಹಬ್ಬಕ್ಕೆ ಫೋಟೋ ಚೆನ್ನಾಗಿ ಬರಲೆಂದು ಆ ಜಾಳಿಗೆ ತೆಗೆದಿಟ್ಟರು. ಮರುದಿನ ಫೋನು: “ನಿಮ್ಮ ಮೀನು ಗಾಯಬ್ ಆಗೇತಿ. ನೀವು ಕೊಟ್ಟಿದ್ದು ಖರೇ ಮೀನು ಹೌದೋ ಅಲ್ಲೋ?”

ಹೋಗಿ ನೋಡಿದರೆ ಜೋಡಿ ಮೀನೂ ಇಲ್ಲ, ಟ್ಯಾಂಕು ಖಾಲಿ. ಗುತ್ತಿಗೆದಾರರು ವಾದಕ್ಕೆ ನಿಂತರು. ಮೀನು ಹಾರಿತು ಎನ್ನುವುದಕ್ಕೆ ಏನು ಪುರಾವೆ? ಯಾರಾದರೂ ನೋಡಿದ್ದಾರೆಯೇ? ಕದ್ದಿರಬಾರದೇಕೆ? ನನಗೆ ಒಳಗೊಳಗೇ ಖುಷಿಯಾಯಿತು, ಎದುರಾಳಿ ಪ್ರಶ್ನೆ ಸರಿಯಾಗಿಯೇ ಕೇಳುತ್ತಿದ್ದರು. ಚಾಚಾ ನೆಲದ ಮೇಲೆ ಮೊಣಕಾಲೂರಿ ಸೋಫಾದ ಕೆಳಗೆ ಕೈ ಹಾಕಿದರು. ಒಣಗಿದ ಮೆಣಸಿನಕಾಯಿಯಂಥದೊಂದು ಹೊರಗೆ ಬಂತು.

“ತೊಗೊಳ್ರಿ ಸಾಹೇಬ್ರ, ಪುರಾವೆ. ಇನ್ನೊಂದು ಕಪಾಟಿನ ಹಿಂದ ಇರಬೇಕು.”

ಹುಟ್ಟುಹಬ್ಬದ ಆ ಮಗು ಅಳತೊಡಗಿತು. ಆ ಅಳು ಕೇಳಿದ ಮೇಲೆ ಯಾವ ಮನೆಗೆ ಹೋದರೂ ನಾನು ಮೊದಲು ನೋಡುತ್ತಿದ್ದುದು ಸೋಫಾದ ಕೆಳಗೆ. ಮೀನನ್ನು ಆಮೇಲೆ.

ಇನ್ನು ಕಲ್ಲಿನ ಜಗಳ. ನಮ್ಮ ಸಮುದ್ರದಿಂದ ಹವಳ ಕೀಳುವುದು ಅಪರಾಧ. ಆದ್ದರಿಂದ ಮೀನಿನ ಬಿಲಕ್ಕೆಂದು ಚಾಚಾ ಸಿಮೆಂಟಿನಲ್ಲಿ ಎರಕ ಹೊಯ್ದ, ತೂತು ತೂತಾದ ಕಲ್ಲು ಮುಂಬೈಯಿಂದ ತರಿಸುತ್ತಿದ್ದರು. ಅಲ್ಲಿಯವರು ಅದನ್ನು ತಮ್ಮ ಟ್ಯಾಂಕಿನಲ್ಲಿ ತಿಂಗಳುಗಟ್ಟಲೆ ನೆನೆಸಿ, ಒಳ್ಳೆಯ ಸೂಕ್ಷ್ಮಜೀವಿ ಹಿಡಿಸಿ ಕಳಿಸುತ್ತಿದ್ದರು. ಒಳ್ಳೆಯದರ ಜೊತೆ ಬೇಡದ್ದೂ ಅಂಟಿ ಬರುತ್ತದೆ. ಅಂಗಿಯ ಗುಂಡಿಯ ಹಾಗೆ ದುಂಡಗಿನ, ಕಂದು ಬಣ್ಣದ, ಸುತ್ತ ಕೂದಲಿನಂಥ ಎಳೆಗಳಿರುವ ಒಂದು ಜೀವಿ. ಹವಳದ ಬಳಗದ್ದೇ. ನಾವು ಅದಕ್ಕೆ ಬಟನ್ ಎನ್ನುತ್ತಿದ್ದೆವು. ಒಂದು ಬಂದರೆ ಕಲ್ಲನ್ನೆಲ್ಲ ಹಾಸಿಕೊಳ್ಳುತ್ತದೆ. ಚಾಚಾ ಅವರ ಹಳೆಯ ಉಪಾಯ ಕುದಿಯುವ ನೀರು. ಕೆಟಲ್ ಬಗ್ಗಿಸಿ ಹೊಯ್ದು, ಇಲ್ಲವೇ ಕಲ್ಲನ್ನೇ ಕುದಿಸಿ, ಬ್ರಷ್ಷಿನಿಂದ ತಿಕ್ಕುವುದು. ಗಿರಾಕಿಗಳಿಗೂ ಅದನ್ನೇ ಹೇಳಿಕೊಡುತ್ತಿದ್ದರು.

ಇಂಥ ಬಟನ್‌ಗಳಲ್ಲಿ ಕೆಲವು ಜಾತಿಯೊಳಗೆ ಘೋರ ವಿಷವಿರುತ್ತದೆ, ಕುದಿಸಿದರೂ ಅದು ಸಾಯುವುದಿಲ್ಲ, ಆವಿಯ ಜೊತೆ ಎದ್ದು ಮನುಷ್ಯರ ಎದೆಗಿಳಿಯುತ್ತದೆ ಎಂದು ನಾನು ಓದಿದೆ. ಅಂದೇ ಅಂಗಡಿಯಲ್ಲಿ ವಾದ ಎದ್ದಿತು.

“ಈ ಕೈ ನೋಡು ಬೇಟಿ. ಎಷ್ಟ್ ಕಲ್ಲು ಕುದಿಸೇನಿ ಗೊತ್ತೇನು? ಏನಾಗೇತಿ ನನಗ?”

“ನಿಮಗ ಏನೂ ಆಗಿಲ್ಲಂದ್ರ ಆ ಕಲ್ಲಿನ್ಯಾಗ ವಿಷ ಇರಲಿಲ್ಲ ಅಂತಷ್ಟ ಅರ್ಥರಿ. ಮುಂದಿನ ಕಲ್ಲಿನ ಬಗ್ಗೆ ಅದು ಏನ್ ಹೇಳ್ತೈತಿ?”

“ಹಂಗಾರ ಮುಂದಿನ ರೊಟ್ಟ್ಯಾಗ ವಿಷ ಇರಬಹುದಂತ ಇವತ್ತಿಂದ ಉಪಾಸ ಇರ್ತಿಯೇನು?”

ಅಂಗಡಿಯಲ್ಲಿದ್ದವರೆಲ್ಲ ನಕ್ಕರು. ಆ ಸುತ್ತು ಅವರದೇ. ಆದರೆ ಮರುದಿನ ಹೋದರೆ ಕೆಟಲ್ ಇರಲಿಲ್ಲ. ನಮ್ಮ ಅಂಗಡಿಯಲ್ಲಿ ಕುದಿಸುವುದು ನಿಂತಿತು. ಅಷ್ಟು ವರ್ಷ ಗಿರಾಕಿಗಳ ಕಿವಿಯಲ್ಲಿ ಹಾಕಿದ ಬುದ್ಧಿಮಾತು ಮಾತ್ರ ಅವರವರ ಮನೆಯಲ್ಲಿ ಹಾಗೇ ಉಳಿದಿತ್ತು.

ನವನಗರದಲ್ಲಿ ಡಾಕ್ಟರ್ ಅನುರಾಧಾ ಅವರ ಹಲ್ಲಿನ ದವಾಖಾನೆ ಇದೆ. ಕೆಳಗೆ ದವಾಖಾನೆ, ಮೇಲೆ ಮನೆ. ಮನೆಯಲ್ಲಿ ಅವರು, ಅವರ ಅತ್ತೆ ಇಂದಿರಾಬಾಯಿ. ಇಂದಿರಾಬಾಯಿ ಸಾಲಿಯಲ್ಲಿ ಸಂಗೀತ ಕಲಿಸಿ ನಿವೃತ್ತರಾದವರು, ಮುಂಜಾನೆ ಈಗಲೂ ಮೇಲೆ ಪಾಠ ನಡೆಯುತ್ತದೆ. ಅವರು ಒಂದು ‘ಸಾ’ ಹಿಡಿದರೆ ಕೆಳಗೆ ನಾನು ಗಾಜಿನ ಒಂದು ಬದಿ ಪೂರಾ ಒರೆಸಿ ಮುಗಿಸುತ್ತಿದ್ದೆ, ಅವರ ಉಸಿರು ಮುಗಿಯುತ್ತಿರಲಿಲ್ಲ.

ರೋಗಿಗಳು ಕಾಯುವ ಕೋಣೆಯಲ್ಲಿ ಟ್ಯಾಂಕು, ಅದರಲ್ಲಿ ಬೆಂಕಿಬಾಲದ ಒಂದು ಜೋಡಿ. ಮೀನು ನೋಡಿದರೆ ಹಲ್ಲು ಕೀಳಿಸಲು ಬಂದವರ ಹೆದರಿಕೆ ಇಳಿಯುತ್ತದೆ ಎಂಬುದು ಡಾಕ್ಟರರ ಲೆಕ್ಕ. ಒಳಗೆ ಡ್ರಿಲ್ಲು ಗುಂಯ್ ಎಂದೊಡನೆ ಮೊದಲು ಬಿಲ ಸೇರುತ್ತಿದ್ದುದು ಆ ಮೀನುಗಳೇ. ರೋಗಿಗಳಿಗೆ ಬಿಲವಿರಲಿಲ್ಲ, ಕೂತೇ ಇರುತ್ತಿದ್ದರು.

ಹೋದ ವರ್ಷ ಆ ಟ್ಯಾಂಕಿನ ಕಲ್ಲಿಗೆ ಬಟನ್ ಹಿಡಿಯಿತು. ಕಂದು ಗುಂಡಿಗಳು ಕಲ್ಲಿನ ತುಂಬ ಹಬ್ಬಿ ಬಿಲದ ಬಾಯನ್ನೇ ಮುಚ್ಚಿದವು. ಡ್ರಿಲ್ಲು ಶುರುವಾದರೆ ಜೋಡಿ ಮೀನು ಬಿಲದತ್ತ ನುಗ್ಗಿ, ಬಾಯಿ ಸಿಗದೆ, ಗಾಜಿಗೆ ಬಡಿದುಕೊಳ್ಳುತ್ತಿತ್ತು. ಡಾಕ್ಟರರು ಫೋನ್ ಮಾಡಿದರು.

ಬೆಂಕಿಬಾಲವನ್ನು ಬಲೆ ಹಾಕಿ ಅಟ್ಟಬಾರದು, ಅಟ್ಟಿದರೆ ಗಾಬರಿಗೇ ಸಾಯುತ್ತದೆ. ಅದು ಕಲ್ಲಿನ ಯಾವುದಾದರೂ ಸಂದು ಸೇರುವ ತನಕ ಸುಮ್ಮನೆ ಕೂತು, ಆಮೇಲೆ ಕಲ್ಲನ್ನೇ ನಿಧಾನ ಎತ್ತಬೇಕು. ನೀರು ಸೋರಿದಂತೆ ಮೀನೂ ಜಾರಿ ಬಕೆಟ್ಟಿಗೆ ಬೀಳುತ್ತದೆ. ಚಾಚಾ ಮತ್ತು ನಾನು ಹಾಗೆಯೇ ಮಾಡಿದೆವು. ಬಕೆಟ್ಟಿನಲ್ಲಿ ಗಾಳಿಯ ಪಂಪಿನ ಜೊತೆ ಒಂದು ತುಂಡು ನಲ್ಲಿಯ ಪೈಪು ಹಾಕಿದ್ದೆವು. ಎರಡೂ ಅದರೊಳಗೆ ಹೊಕ್ಕವು. ನಾನು ಕೈಗವಸು, ಕನ್ನಡಕ ಹಾಕಿಕೊಂಡು ಕಲ್ಲನ್ನು ಇನ್ನೊಂದು ಬಕೆಟ್ಟಿನ ನೀರಿನಲ್ಲಿ ಮುಳುಗಿಸಿ, ಮುಚ್ಚಳ ಬಿಗಿದು, ಹಿತ್ತಲಲ್ಲಿಟ್ಟೆ. ಅಷ್ಟರಲ್ಲಿ ರಾಯಾಪುರದ ಒಂದು ಶೋರೂಮಿನಿಂದ ಟ್ಯಾಂಕಿನ ಕರೆ, ಕರೆಂಟು ಹೋಗಿದೆ. ಅದನ್ನು ಮುಗಿಸಿ ಬಂದು ಕಲ್ಲು ಒಯ್ಯೋಣ ಎಂದು ಇಬ್ಬರೂ ಹೊರಟೆವು.

“ಬಾಯಾರ, ಆ ಬಕೆಟ್ಟಿನ ಕಲ್ಲು ಮುಟ್ಟಬ್ಯಾಡ್ರಿ. ಭಾಳ ವಿಷದ್ದ ಇರಬಹುದು,” ಎಂದು ಇಂದಿರಾಬಾಯಿಯವರಿಗೆ ಹೇಳಿದೆ.

“ಆತವಾ ರೇಣುಕಾ, ಮುಟ್ಟೂದಿಲ್ಲ,” ಎಂದರು.

ಅವರು ಮುಟ್ಟಲಿಲ್ಲ. ಇಕ್ಕಳದಿಂದ ಎತ್ತಿದರು.

ಹಿತ್ತಲ ಬಚ್ಚಲಲ್ಲಿ, ಹಿಂದಿನ ಕಾಲದಲ್ಲಿ ಸೋಡಾ ಹಾಕಿ ಬಟ್ಟೆ ಕುದಿಸುತ್ತಿದ್ದ ಒಂದು ಹಳೆಯ ಹಂಡೆ ಇತ್ತು. ವಿಷ ಇದ್ದರೆ ಕುದಿಸಿದರಾಯಿತಲ್ಲ, ಗಫೂರ್‌ಸಾಬ ಹಿಂದೆ ಹೇಳಿಕೊಟ್ಟದ್ದು ಅದೇ ಅಲ್ಲವೇ ಎಂದುಕೊಂಡು, ಹಂಡೆಗೆ ಕಲ್ಲು ಹಾಕಿ ಬೆಂಕಿ ಮಾಡಿದರು. ನಾವು ಬರುವುದರೊಳಗೆ ಕಲ್ಲು ಸ್ವಚ್ಛ ಮಾಡಿಟ್ಟರೆ ಹುಡುಗಿಗೆ ಒಂದು ಕೆಲಸ ತಪ್ಪುತ್ತದೆ ಎಂಬ ಪ್ರೀತಿ. ನಾರುವ ಹಬೆ ದವಾಖಾನೆಯ ರೋಗಿಗಳಿಗೆ ಹೋಗಬಾರದೆಂಬ ಸೌಜನ್ಯಕ್ಕೆ ಬಚ್ಚಲ ಬಾಗಿಲೂ ಕಿಟಕಿಯೂ ಮುಚ್ಚಿದರು. ತಾವು ಒಳಗೇ ಕೂತು ಒಲೆ ನೋಡಿಕೊಂಡರು.

ನಾವು ತಿರುಗಿ ಬಂದಾಗ ಅವರು ಹಿತ್ತಲ ಮೆಟ್ಟಿಲ ಮೇಲೆ ಕೂತು ಕೆಮ್ಮುತ್ತಿದ್ದರು. ಬಾಗಿಲ ಕೆಳಸಂದಿನಿಂದ ಬಿಳಿ ಹಬೆ ತೆಳ್ಳಗೆ ಹೊರಗೆ ಬರುತ್ತಿತ್ತು. ಕುದಿಸಿದ ಸಮುದ್ರದ ವಾಸನೆ.

“ಏನೂ ಇಲ್ಲವಾ, ಹೊಗಿ ಹೊಕ್ಕದ. ಬಾಯಾಗ ತಾಮ್ರದ ಬಿಲ್ಲಿ ಇಟ್ಕೊಂಡಂಗ ಆಗೇದ ನೋಡು.”

ಬಾಯಲ್ಲಿ ಲೋಹದ ರುಚಿ. ನಾನು ಓದಿದ್ದರಲ್ಲಿ ಮೊದಲ ಲಕ್ಷಣವಾಗಿ ಹೇಳಿದ್ದು ಅದನ್ನೇ. ಓದಿದ ಸಾಲು ಎದುರಿಗೆ ಸೀರೆ ಉಟ್ಟು ಕೂತು ಮಾತಾಡಿದರೆ ಹೇಗಿರುತ್ತದೆ ಎಂದು ನಿಮಗೆ ಹೇಳಲಾರೆ.

ಒಳಗೆ ಹಂಡೆ ಇನ್ನೂ ಕುದಿಯುತ್ತಿತ್ತು. ಮುಂದಿನ ಕೋಣೆಯ ತುಂಬ ರೋಗಿಗಳು. “ನಾ ಹೋಗ್ತೇನಿ,” ಎಂದು ಚಾಚಾ ಮುಂದಾದರು. ಅವರಿಗೆ ಉಬ್ಬಸವಿತ್ತು. ಅವರನ್ನು ಹಿಂದೆ ತಳ್ಳಿ, ದುಪಟ್ಟಾ ಒದ್ದೆ ಮಾಡಿ ಮುಖಕ್ಕೆ ಸುತ್ತಿಕೊಂಡು ನಾನು ಹೊಕ್ಕೆ. ಒದ್ದೆ ಬಟ್ಟೆ ಇದಕ್ಕೆ ತಡೆಯಲ್ಲ ಎಂಬುದು ಗೊತ್ತಿದ್ದೇ ಹೊಕ್ಕೆ. ಉಸಿರು ಬಿಗಿಹಿಡಿದು ಒಲೆಯ ಕಟ್ಟಿಗೆ ಎಳೆದೆ, ಕಿಟಕಿಯ ಅಗಳಿ ಜಗ್ಗಿದೆ. ಅಗಳಿ ಬಿಗಿದಿತ್ತು. ಅದು ಸಡಿಲಾಗುವ ಮೊದಲೇ ಉಸಿರು ತಪ್ಪಿ ಒಳಗೆಳೆದೆ. ಕಿಟಕಿ ತೆರೆದು ಹೊರಗೋಡಿದೆ. ನೀವು ಹೀಗೆ ಮಾಡಬೇಡಿ. ಎಲ್ಲರನ್ನೂ ಹೊರಗೆ ಕಳಿಸಿ ಅಗ್ನಿಶಾಮಕದವರಿಗೆ ಫೋನ್ ಮಾಡಿ, ದೂರ ನಿಲ್ಲಿ. ಡಾಕ್ಟರರು ಅಷ್ಟರಲ್ಲಿ ರೋಗಿಗಳನ್ನು ರಸ್ತೆಗೆ ಕಳಿಸಿದ್ದರು. ನಾವು ಇಂದಿರಾಬಾಯಿಯವರನ್ನು ಕಾರಿಗೆ ಹತ್ತಿಸಿದೆವು. ಕಾರು ದೊಡ್ಡ ರಸ್ತೆಗೆ ಬರುವಷ್ಟರಲ್ಲಿ ನನ್ನ ಬಾಯಲ್ಲೂ ತಾಮ್ರ.

ಆಸ್ಪತ್ರೆಯ ತುರ್ತು ವಿಭಾಗದ ಡಾಕ್ಟರು ನನ್ನ ವಯಸ್ಸಿನವರೇ, ಸಮಾಧಾನದ ಮನುಷ್ಯ. ಇಂದಿರಾಬಾಯಿಯವರ ಎದೆ ಪರೀಕ್ಷಿಸಿದರು, ಆಮ್ಲಜನಕ ನೋಡಿದರು, ಮೂಗಿಗೆ ಔಷಧದ ಹಬೆ ಕೊಟ್ಟರು. ಕೆಮ್ಮು ತುಸು ತಗ್ಗಿತು.

“ಕಟಗಿ ಹೊಗಿ ಕುಡದಾರ. ವಯಸ್ಸಾಗೇತಿ, ಗಾಬರಿ ಆಗ್ಯಾರ. ಮನಿಗೆ ಕರ್ಕೊಂಡ್ ಹೋಗ್ರಿ, ಮಲಗಸ್ರಿ.”

“ಹೊಗಿ ಅಲ್ಲರಿ ಡಾಕ್ಟ್ರ,” ಎಂದೆ. “ಮೀನಿನ ಟ್ಯಾಂಕಿನ ಕಲ್ಲು ಕುದಿಸ್ಯಾರ. ಅದರ ಮ್ಯಾಲಿನ ಜೀವಿಯೊಳಗ ವಿಷ ಇರ್ತೈತಿ. ಮುಂದ ಕೆಲವು ತಾಸಿನ್ಯಾಗ ಉಸಿರು ಕಟ್ಟಬಹುದು, ಹೃದಯಕ್ಕೂ ತ್ರಾಸ ಆಗಬಹುದು. ಇಲ್ಲೇ ಇಟ್ಕೊಳ್ರಿ.”

“ಕಲ್ಲು ಕುದಿಸ್ಯಾರ?”

“ಹೌದ್ರಿ.”

“ಅದರಾಗ ವಿಷ ಇತ್ತಂತ ಪರೀಕ್ಷಾ ಮಾಡಿಸೀರೇನು?”

“ಇಲ್ರಿ.”

“ಎಲ್ಲಾ ಜಾತಿಯೊಳಗೂ ವಿಷ ಇರ್ತೈತೇನು?”

“ಇಲ್ರಿ. ಕೆಲವದರಾಗ.”

“ಇದು ಆ ಕೆಲವದರಾಗಿನದ ಅಂತ ಹೆಂಗ ಹೇಳ್ತೀರಿ?”

“ಹೇಳಾಕ ಬರೂದಿಲ್ರಿ.”

“ಮತ್ತ?”

ಅವರು ಕೇಳಿದ ಒಂದೊಂದು ಪ್ರಶ್ನೆಯೂ ಅವರ ಜಾಗದಲ್ಲಿ ನಿಂತಿದ್ದರೆ ನಾನೇ ಕೇಳುತ್ತಿದ್ದದ್ದು. ಜೀವನವಿಡೀ ಪುರಾವೆ ಎಲ್ಲಿ ಎಂದು ಜನರನ್ನು ಗೋಳು ಹೊಯ್ದವಳು, ಪುರಾವೆ ಇಲ್ಲದೆ ಕೈ ಬರಿದಾಗಿ ನಿಂತಿದ್ದೆ. ನಾನು ಸೋತರೆ ಈ ಹೆಂಗಸು ಮನೆಗೆ ಹೋಗಿ ಮಲಗುತ್ತಾರೆ. ಸಂಜೆ ಉಸಿರು ಕಟ್ಟಿದಾಗ ಮೇಲಿನ ಕೋಣೆಯಲ್ಲಿರುತ್ತಾರೆ.

ಅನುರಾಧಾ ನನ್ನ ತೋಳು ಹಿಡಿದರು. “ರೇಣುಕಾ, ಖರೇ ಹೇಳು. ನಿನಗ ಖಾತ್ರಿ ಅದ ಏನು?”

ಹೌದು ಎನ್ನಬೇಕಿತ್ತು. “ಖಾತ್ರಿ ಇಲ್ರಿ. ಹೆದರಿಕಿ ಐತಿ,” ಎಂದೆ.

ಡಾಕ್ಟರು ಚೀಟಿ ಬರೆಯತೊಡಗಿದರು. ಚಾಚಾ ಇಷ್ಟು ಹೊತ್ತು ಬಾಗಿಲ ಬಳಿ ಗೋಡೆಗೆ ಅಂಟಿಕೊಂಡು ನಿಂತಿದ್ದರು. ಅವರ ಮುಖ ಬೂದಿಯಾಗಿತ್ತು. ಅವರು ಏನು ಲೆಕ್ಕ ಹಾಕುತ್ತಿದ್ದರೆಂದು ನನಗೆ ಗೊತ್ತಿತ್ತು. ಕುದಿಸಿರಿ ಎಂದು ಕಲಿಸಿದವನು ಯಾರು ಎಂಬ ಮಾತು ಎದ್ದರೆ ಅಂಗಡಿ, ಹೆಸರು, ಪೊಲೀಸ್ ಠಾಣೆ. ಸುಮ್ಮನಿದ್ದರೆ ಹೊಗೆ ಕುಡಿದ ಮುದುಕಿ, ಅಷ್ಟೇ. ಯಾರೂ ಅವರನ್ನು ಕೇಳಿರಲಿಲ್ಲ.

ಅವರು ಮುಂದೆ ಬಂದು ಟೇಬಲ್ಲಿನ ಅಂಚು ಹಿಡಿದರು.

“ಸಾಹೇಬ್ರ, ಕುದಿಸ್ರಿ ಅಂತ ಬಾಯಾರಿಗೆ ಹೇಳಿಕೊಟ್ಟಾಂವ ನಾನು. ಈ ಹುಡುಗಿ ಬ್ಯಾಡ ಚಾಚಾ, ಬ್ಯಾಡ ಅಂದ್ಲು. ನಾ ನಾಕ ಮಂದೀನ್ನ ಅಕೀ ಮ್ಯಾಲ ನಗಸಿದೆ. ಬರಕೊಳ್ರಿ. ನನ್ನ ಹೆಸರು ಹಾಕಿ ಬರಕೊಳ್ರಿ. ಪೊಲೀಸರನ್ನ ಕರೀರಿ, ಇಲ್ಲೇ ಕೂಡ್ತೇನಿ. ಬಾಯಾರನ್ನ ಮಾತ್ರ ಮನಿಗೆ ಕಳಸಬ್ಯಾಡ್ರಿ.”

ಡಾಕ್ಟರು ಪೆನ್ನು ನಿಲ್ಲಿಸಿದರು. ಚಾಚಾ ಅವರನ್ನು ನೋಡಿದರು, ಆಮೇಲೆ ನನ್ನನ್ನು.

“ನೀವ್ ಯಾಕ ಕೆಮ್ಮಾಕತ್ತೀರಿ?”

“ಅದ ಬಚ್ಚಲಿಗೆ ಹೊಕ್ಕಿದ್ದೆರಿ.”

“ಬಾಯಿ ರುಚಿ?”

“ತಾಮ್ರರಿ.”

ಅವರು ಎದ್ದು ಹೋಗಿ ಹಿರಿಯರೊಬ್ಬರಿಗೆ ಫೋನ್ ಮಾಡಿದರು. ತಿರುಗಿ ಬಂದು, ತಾವೇ ಬರೆದ ಚೀಟಿ ಹರಿದರು. “ಇಬ್ಬರೂ ಒಳಗ ಬರ್ರಿ. ಇದಕ್ಕ ಎದುರು ಔಷಧ ಏನೈತಿ ಅಂತ ಓದೀರಿ?”

“ಇಲ್ರಿ. ಏನೂ ಇಲ್ಲಂತ. ಉಸಿರು, ಹೃದಯ ನೋಡಿಕೊಂತ ಇರಬೇಕಷ್ಟ.”

ಇದನ್ನು ಹೇಳುವಾಗ ಅದು ನನಗೂ ಅನ್ವಯಿಸುತ್ತದೆ ಎಂಬುದು ಹೊಳೆಯಿತು.

ಸಂಜೆಯ ಚಹಾ ಹಂಚುವ ಹೊತ್ತಿಗೆ ಇಂದಿರಾಬಾಯಿಯವರಿಗೆ ಜ್ವರ ಏರಿತು. ಕಾಲಿನ ಸ್ನಾಯು ಸೆಟೆದವು. ಉಸಿರು ಮೇಲೆ ಮೇಲೆ, ತುಂಡು ತುಂಡಾಗಿ ಬರತೊಡಗಿತು. ಅವರನ್ನು ಗಾಜಿನ ಬಾಗಿಲಿನ ಆಚೆ ಒಯ್ದು ಯಂತ್ರಕ್ಕೆ ಹಚ್ಚಿದರು. ಸಮಾಧಾನದ ಆ ಡಾಕ್ಟರು ಓಡುತ್ತಿದ್ದರು. ನನಗೆ ಆಮ್ಲಜನಕದ ಮುಖವಾಡ ಹಾಕಿ ಬೇರೆ ಹಾಸಿಗೆಯಲ್ಲಿ ಮಲಗಿಸಿದರು. ಎದೆಯ ಮೇಲೆ ಯಾರೋ ಕೂತಂತೆ. ಉಸಿರು ತಾನಾಗಿ ನಡೆಯುವ ವಸ್ತು ಎಂದು ನಂಬಿ ಬದುಕಿದ್ದೆ. ಅಂದು ಪ್ರತಿಯೊಂದನ್ನೂ ನಾನೇ ಎಳೆಯಬೇಕಿತ್ತು, ಎಳೆಯುವುದು ಮರೆತರೆ ಎಂಬ ಹೆದರಿಕೆಗೆ ಕಣ್ಣು ಮುಚ್ಚಲಿಲ್ಲ. ಚಾಚಾ ಹೊರಗಿನ ಬೆಂಚಿನ ಮೇಲಿದ್ದರು. ಯಾವ ಪೊಲೀಸರೂ ಬರಲಿಲ್ಲ. ಆದರೆ ಬೂಟಿನ ಸಪ್ಪಳ ಕೇಳಿದಾಗಲೆಲ್ಲ ಅವರು ಎದ್ದು ನಿಲ್ಲುತ್ತಿದ್ದರಂತೆ. ಮನೆಗೆ ಮಾತ್ರ ಹೋಗಲಿಲ್ಲ.

ನಾನು ಮೊದಲು ಹೊರಬಂದೆ. ಇಂದಿರಾಬಾಯಿಯವರು ಬಹಳ ದಿನಗಳ ಮೇಲೆ. ಬದುಕಿದರು.

ಆ ಕಲ್ಲಿನಲ್ಲಿ ಯಾವ ವಿಷ ಎಷ್ಟಿತ್ತು ಎಂದು ಯಾವ ಪ್ರಯೋಗಾಲಯವೂ ನೋಡಿಲ್ಲ. ಬ್ಲೀಚಿಂಗ್ ದ್ರಾವಣದಲ್ಲಿ ನೆನೆಸಿ ಹೂತುಬಿಟ್ಟೆವು. ಅದಾದ ಮೇಲೆ ಚಾಚಾ ಹಳೆಯ ಗಿರಾಕಿಗಳ ಮನೆ ಮನೆಗೆ ತಾವೇ ಹೋಗಿ, ನಾ ತಪ್ಪು ಹೇಳಿಕೊಟ್ಟಿದ್ದೆ, ಕುದಿಸಬ್ಯಾಡ್ರಿ ಎಂದು ಹೇಳಿ ಬಂದರು. ಕೆಲವರು ಚಹಾ ಕೊಟ್ಟರು. ಕೆಲವರು ಬೇರೆ ಅಂಗಡಿ ನೋಡಿಕೊಂಡರು. ಬೆಂಕಿಬಾಲದ ಜೋಡಿ ದವಾಖಾನೆಯ ಬಕೆಟ್ಟಿನಲ್ಲೇ ಉಳಿದಿತ್ತಲ್ಲ, ಅನುರಾಧಾ ಅವರ ಸಹಾಯಕಿ ಗಾಳಿಯ ಪಂಪು ನಿಲ್ಲದಂತೆ ನೋಡಿಕೊಂಡಿದ್ದಳು. ಈಗ ಅವು ಅಂಗಡಿಯಲ್ಲಿ, ಬಟನ್ ಇಲ್ಲದ ಒಂದು ಕಲ್ಲಿನಲ್ಲಿವೆ. ದವಾಖಾನೆಯ ಟ್ಯಾಂಕು ಎತ್ತಿಸಿದರು. ನನ್ನ ಶ್ವಾಸಕೋಶ ನೋಡಿದ ಡಾಕ್ಟರು, ಇನ್ನೊಮ್ಮೆ ಇಂಥದಾದರೆ ನಾನು ಹೊಣೆಯಲ್ಲ ಎಂದರು. ಹೀಗೆ ನಿವೃತ್ತಿ.

ಹೊಸಬರೇ, ಗಾಯವಿರುವ ಕೈಯನ್ನು ಟ್ಯಾಂಕಿಗೆ ಇಳಿಸಬೇಡಿ. ಕೈಗವಸು, ಕನ್ನಡಕ ಬಿಡಬೇಡಿ. ಬಟನ್ ಹಿಡಿದ ಕಲ್ಲನ್ನು ಕುದಿಸಬೇಡಿ, ಬಿಸಿನೀರು ಹೊಯ್ಯಬೇಡಿ, ಒಣಗಿಸಿ ತಿಕ್ಕಬೇಡಿ. ಗಿರಾಕಿಗೆ ‘ಮುಟ್ಟಬೇಡಿ’ ಎಂದಷ್ಟೇ ಹೇಳಿ ಹೊರಡಬೇಡಿ, ಏನೇನು ಮಾಡಬಾರದು ಎಂದು ಬಿಡಿಸಿ ಹೇಳಿ. ನಮ್ಮ ಜನ ಮಾತು ಮೀರುವುದಿಲ್ಲ, ಇಕ್ಕಳ ಹುಡುಕುತ್ತಾರೆ. ನಿಮ್ಮ ಮೇಲಿನವರು ಏನೂ ಆಗುವುದಿಲ್ಲ ಎಂದರೆ ವಾದ ಮಾಡಿ. ನಾಲ್ಕು ಜನ ನಕ್ಕರೂ ಮಾಡಿ.

ಉಸಿರು ತಿದ್ದಿಕೊಳ್ಳಲು ಈಗ ವಾರಕ್ಕೊಮ್ಮೆ ನವನಗರಕ್ಕೆ ಹೋಗುತ್ತೇನೆ. ಇಂದಿರಾಬಾಯಿಯವರಿಗೆ ಮೆಟ್ಟಿಲು ಹತ್ತಲಾಗುವುದಿಲ್ಲ, ಕೆಳಗಿನ ಕೋಣೆಯಲ್ಲೇ ಕೂಡುತ್ತಾರೆ. ಅವರು ‘ಸಾ’ ಹಿಡಿಯುತ್ತಾರೆ. ಗಾಜಿನ ಒಂದು ಅಂಗೈ ಅಗಲ ಒರೆಸುವುದರೊಳಗೆ ಅದು ಮುಗಿಯುತ್ತದೆ. ಮುಗಿದಲ್ಲಿಂದ ನಾನು ಹಿಡಿಯಬೇಕು, ನಾನು ಬಿಟ್ಟಲ್ಲಿಂದ ಅವರು. ಶ್ರುತಿ ಬಗ್ಗೆ ಕೇಳಬೇಡಿ. ಚಾಚಾ ನನ್ನನ್ನು ಸ್ಕೂಟರಿನಲ್ಲಿ ಕರೆತಂದು, ಒಳಗೆ ಬರಲು ಒಲ್ಲದೆ ಹೊರಗಿನ ಕಟ್ಟೆಯ ಮೇಲೆ ಕೂಡುತ್ತಾರೆ. ಮೊನ್ನೆ ಇಬ್ಬರ ಸ್ವರವೂ ಒಮ್ಮೆಲೇ ನಿಂತಿತು. ಹೊರಗೆ ಚಪ್ಪಲಿಯ ಸಪ್ಪಳ, ಕಿಟಕಿಯ ಸರಳಿಗೆ ಚಾಚಾ ಅವರ ಮುಖ ಬಂತು.

“ಬಾಯಾರ! ಉಸಿರು ಐತೇನ್ರಿ?”

ಇಂದಿರಾಬಾಯಿಯವರು ಎದೆಯ ಮೇಲೆ ಕೈ ಇಟ್ಟುಕೊಂಡರು. ನಾನು ಅವರ ಮುಖ ನೋಡುತ್ತಿದ್ದೆ, ಅವರು ನನ್ನ ಮುಖ.

“ಅದ ಗಫೂರ್‌ಸಾಬ,” ಎಂದರು. “ಹೆದರಬ್ಯಾಡ್ರಿ. ತೊಗೊಳ್ಳಲಿಕ್ಕೆ ಹತ್ತೇವಿ.”